ಲಾಂಛನಗಳಲ್ಲಿ ‘ಮೂರ್ಸ್ ಹೆಡ್’: ರುಂಡವೋ, ಶಿರವೋ?

ಯುರೋಪಿನ ಹಳೆಯ ವಂಶಲಾಂಛನಗಳ ವರ್ಣನೆಯಲ್ಲಿ ಬರುವ ‘ಮೂರ್ಸ್ ಹೆಡ್’ (‘ಮೂರ್’ ಎಂದು ಕರೆಸಿಕೊಂಡವನ ತಲೆಯ ಚಿತ್ರ) ಎಂಬುದನ್ನು ಕನ್ನಡದಲ್ಲಿ ‘ಮುಸ್ಲಿಮನ ರುಂಡ’ ಎಂದು ಬರೆಯಬಹುದೇ ಎಂಬುದು ಪ್ರಶ್ನೆ. ಆ ಎರಡು ಪದಗಳಲ್ಲಿ ಯಾವುದೂ ಎಲ್ಲ ಕಡೆಗೂ ಹೊಂದುವುದಿಲ್ಲ ಎಂದು ನನ್ನ ಅಭಿಪ್ರಾಯ.

‘ಮೂರ್’ ಪದದ ಮೂಲವಾದ ಲ್ಯಾಟಿನ್ ‘ಮೌರುಸ್’ ಇಸ್ಲಾಮಿಗಿಂತ ಎಷ್ಟೋ ಹಿಂದಿನದು. ರೋಮನ್ನರ ಕಾಲದ ಮೌರೆತಾನಿಯಾದ, ಅಂದರೆ ಇಂದಿನ ಮೊರಾಕೊ ಮತ್ತು ಅದರ ಆಸುಪಾಸಿನ, ನಿವಾಸಿಗಳಿಗೆ ಸಲ್ಲುತ್ತಿದ್ದ ಹೆಸರು. 8ನೆಯ ಶತಮಾನದಲ್ಲಿ ಸ್ಪೇನನ್ನು ಗೆದ್ದ ಅರಬರಿಗೂ ಉತ್ತರ ಆಫ್ರಿಕದ ಬರ್ಬರರಿಗೂ ಅದೇ ಹೆಸರು ಅಂಟಿಕೊಂಡಿತು. ಮುಂದೆ, ಧರ್ಮ ಯಾವುದೇ ಇರಲಿ, ಕಪ್ಪು ಮೈಬಣ್ಣದವರನ್ನೆಲ್ಲ ಹಾಗೆಯೇ ಕರೆಯುವ ರೂಢಿಯೂ ಬಂತು.

ಇಟಲಿಯ ದ್ವೀಪವಾದ ಸಾರ್ಡಿನಿಯಾದ ಬಾವುಟದ ನಾಲ್ಕು ತಲೆಗಳ ವಿಷಯದಲ್ಲಿ ‘ರುಂಡ’ ಸಲ್ಲುತ್ತದೆ, ಏಕೆಂದರೆ 1096ರ ಅಲ್ಕೊರಾಜ್ ಕಾಳಗದಲ್ಲಿ ಸ್ಪೇನಿನ ಅರಗಾನ್ ರಾಜ್ಯದ ದೊರೆ ಗೆದ್ದ ಮೇಲೆ ಸಿಕ್ಕಿದ ನಾಲ್ವರು ಮೂರ್ ಅರಸರ ತಲೆಗಳು ಅವು ಎಂಬುದು ಐತಿಹ್ಯ. ಆ ಚಿತ್ರದಲ್ಲಿ ಕಣ್ಣಿನ ಮೇಲಿದ್ದ ಪಟ್ಟಿಯನ್ನು 1999ರ ಕಾನೂನು ಹಣೆಗೆ ಏರಿಸಿತು. ನೆರೆಯ ಕಾರ್ಸಿಕಾ ದ್ವೀಪದಲ್ಲಿ ಈ ಕೆಲಸ 18ನೆಯ ಶತಮಾನದಲ್ಲಿ, ಅಲ್ಲಿನ ಸ್ವಾತಂತ್ರ್ಯ ಹೋರಾಟದ ನಾಯಕ ಪಾಸ್ಕ್ವಾಲೆ ಪಾವೊಲಿಯ ಕಾಲದಲ್ಲೇ ನಡೆದಿತ್ತು; ಸೆರೆಯಾಳಿನಂತೆ ಕಾಣುತ್ತಿದ್ದ ತಲೆಯೇ ಅಲ್ಲಿ ಸ್ವಾತಂತ್ರ್ಯದ ಗುರುತಾಯಿತು.

ಜರ್ಮನಿಗೆ ಬಂದರೆ ಅರ್ಥವೇ ಬೇರೆ. ಕೋಬುರ್ಗ್ ನಗರದ ಲಾಂಛನದಲ್ಲಿರುವುದು ಕಪ್ಪು ಮೈಬಣ್ಣದವನಾಗಿ ಚಿತ್ರಿತನಾದ ಸಂತ ಮಾರಿಸ್. ಆತ ಕ್ರೈಸ್ತ ಹುತಾತ್ಮ, ನಗರದ ರಕ್ಷಕ ಸಂತ. ನಾಜಿಗಳು 1934ರಲ್ಲಿ ಈ ತಲೆಯನ್ನು ತೆಗೆಸಿದರು, 1945ರಲ್ಲಿ ಅದು ಮರಳಿತು. ಫ್ರೈಸಿಂಗ್ ಧರ್ಮಪ್ರಾಂತ್ಯದ ತಲೆಗಂತೂ ಕಿರೀಟವಿದೆ. 2005ರಲ್ಲಿ ಪೋಪ್ ಆದ 16ನೆಯ ಬೆನೆಡಿಕ್ಟ್ ಅದನ್ನು ತಮ್ಮ ಲಾಂಛನದಲ್ಲೂ ಇರಿಸಿಕೊಂಡರು. ಇವೆರಡನ್ನು ‘ಮುಸ್ಲಿಮನ ರುಂಡ’ ಎಂದರೆ ಅಪಾರ್ಥವಲ್ಲದೆ ಮತ್ತೇನು? ಇನ್ನು ಸ್ಕಾಟ್ಲೆಂಡಿನ ಮೊಯರ್ ಮನೆತನದಂಥವರ ಲಾಂಛನಗಳಲ್ಲಿ ಈ ತಲೆ ಬರುವುದು ಮನೆತನದ ಹೆಸರಿನ ಮೇಲಣ ಶ್ಲೇಷೆಯಾಗಿ, ಅಷ್ಟೆ.

ಕತ್ತು ಕತ್ತರಿಸಿದಂತೆ ಕಾಣುವುದರಿಂದ ‘ರುಂಡ’ ಎನ್ನಬೇಕೆಂಬ ವಾದವೂ ನಿಲ್ಲುವುದಿಲ್ಲ. ಕತ್ತು ನೇರವಾಗಿ ಕೊನೆಗೊಂಡರೆ ‘ಕೂಪ್ಡ್’, ಕಿತ್ತಂತೆ ಚಿಂದಿಚಿಂದಿಯಾಗಿದ್ದರೆ ‘ಇರೇಸ್ಡ್’ ಎಂದು ಹೆಸರಿಸುವುದು ಲಾಂಛನಶಾಸ್ತ್ರದ ಪದ್ಧತಿ. ಸಿಂಹದ ತಲೆಗೂ ಹದ್ದಿನ ತಲೆಗೂ ಇವೇ ಪದಗಳು. ಅದು ಚಿತ್ರಿಸುವ ಕ್ರಮವೇ ಹೊರತು ಶಿರಚ್ಛೇದದ ಸೂಚನೆಯಲ್ಲ.

‘ಮೂರರ ತಲೆ’ ಎಂಬ ರೂಪವನ್ನೂ ಬಿಡಬೇಕು; ‘ನಾಲ್ಕು ಮೂರರ ತಲೆಗಳು’ ಎಂದು ಬರೆದರೆ ಓದುಗರು ಮಗ್ಗಿ ಹೇಳಲು ತೊಡಗಿಯಾರು. ಲ್ಯಾಟಿನ್ ರೂಪವನ್ನು ಹಿಡಿದು ‘ಮೌರಶಿರ’ ಎನ್ನೋಣವೆಂಬುದು ನನ್ನ ಸೂಚನೆ. ಸಾರ್ಡಿನಿಯಾದ ಕಥೆಯನ್ನು ಹೇಳುವಾಗ ಮಾತ್ರ ‘ರುಂಡ’ವನ್ನು ಬಳಸಿದರೆ ಸಾಕು.