‘ಕಂಟ್ರಿ ಡ್ಯಾನ್ಸ್’ಗೆ ಕನ್ನಡದಲ್ಲಿ ಏನನ್ನೋಣ?

ಎಲ್ಲರಿಗೂ ನಮಸ್ಕಾರ.

1800ರ ಆಸುಪಾಸಿನ ಒಂದು ಇಂಗ್ಲಿಷ್ ಕಾದಂಬರಿಯನ್ನು ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ಮತ್ತೆ ಮತ್ತೆ ಕಂಟ್ರಿ ಡ್ಯಾನ್ಸ್, ಅಂದರೆ ಗಂಡು ಹೆಣ್ಣು ಜೋಡಿಜೋಡಿಯಾಗಿ ಎದುರುಬದುರು ಸಾಲಲ್ಲಿ ನಿಂತು ಕುಣಿಯುವ ಕುಣಿತ, ಬರುತ್ತದೆ. ಪರಿಚಯ, ಮುನಿಸು, ಮದುವೆಯ ಆಸೆ ಎಲ್ಲ ಬೆಳೆಯುವುದು ಆ ಕುಣಿತದ ನಡುವೆಯೇ. ಹಾಗಾಗಿ ಏನೋ ಒಂದು ಪದ ಹಾಕಿ ಮುಂದೆ ಹೋಗುವ ಹಾಗಿಲ್ಲ.

ಕೇಳಿದ ಕೂಡಲೇ ಯಾರಿಗಾದರೂ ಹೊಳೆಯುವುದು ‘ಹಳ್ಳಿ ಕುಣಿತ’ ಅಥವಾ ‘ಜಾನಪದ ನೃತ್ಯ’. ಎರಡೂ ಇಲ್ಲಿ ಒಪ್ಪುವುದಿಲ್ಲ ಎಂಬುದು ನನ್ನ ನಿಲುವು. ಹಳ್ಳಿ ಕುಣಿತ ಅಂದ ತಕ್ಷಣ ಓದುಗರು ಸುಗ್ಗಿ, ಕಣ, ಜಾತ್ರೆಗಳನ್ನು ನೆನೆಯುತ್ತಾರೆ. ಕಾದಂಬರಿಯಲ್ಲಿ ಇರುವುದು ಮೇಣದಬತ್ತಿ ಹಚ್ಚಿದ ಹಜಾರ, ಕೈಗವಸು ತೊಟ್ಟ ಸಿರಿವಂತರ ಮಕ್ಕಳು.

ಈ ಕುಣಿತದ ಚರಿತ್ರೆಯೂ ಅದನ್ನೇ ಹೇಳುತ್ತದೆ. 1602ರ ಒಂದು ಪತ್ರದಲ್ಲಿ, ಮೊದಲನೇ ಎಲಿಜಬೆತ್ ರಾಣಿಯ ಒಳಕೋಣೆಯಲ್ಲಿ ಕಂಟ್ರಿ ಡ್ಯಾನ್ಸ್ ಜೋರಾಗಿ ನಡೆಯುತ್ತಿದೆ, ರಾಣಿಗೆ ಅದು ಬಹಳ ಇಷ್ಟ ಎಂದು ಆಸ್ಥಾನದವರೊಬ್ಬರು ಬರೆದಿದ್ದಾರೆ. 1651ರಲ್ಲಿ ಜಾನ್ ಪ್ಲೇಫೋರ್ಡ್ ಎಂಬ ಪುಸ್ತಕ ವ್ಯಾಪಾರಿ ನೂರಕ್ಕೂ ಹೆಚ್ಚು ಕುಣಿತಗಳನ್ನು ಮಟ್ಟುಗಳ ಸಮೇತ ಅಚ್ಚು ಹಾಕಿಸಿದ. ಅರಸ ಮೊದಲನೇ ಚಾರ್ಲ್ಸನ ತಲೆ ಕಡಿದು ಎರಡೇ ವರ್ಷ ಆಗಿತ್ತು, ನಾಟಕಶಾಲೆಗಳಿಗೆ ಬೀಗ ಬಿದ್ದಿತ್ತು, ಅಂಥ ಹೊತ್ತಿನಲ್ಲಿ! ಅವನ ಅಂಗಡಿ ಇದ್ದದ್ದು ಲಂಡನ್ನಿನ ಇನ್ನರ್ ಟೆಂಪಲ್‌ನಲ್ಲಿ, ಚರ್ಚಿನ ಬಾಗಿಲ ಹತ್ತಿರ. ಸುತ್ತಮುತ್ತ ವಕೀಲರು, ಕಾನೂನು ಕಲಿಯುವ ಹುಡುಗರು. ಆ ಪುಸ್ತಕ 1728ರ ಸುಮಾರಿನವರೆಗೆ 18 ಆವೃತ್ತಿ ಕಂಡಿತು. 1662ರ ಡಿಸೆಂಬರ್ 31ರ ರಾತ್ರಿ ಎರಡನೇ ಚಾರ್ಲ್ಸ್ ದೊರೆ ತಾನೇ ಮುಂದೆ ನಿಂತು ಮೊದಲ ಕಂಟ್ರಿ ಡ್ಯಾನ್ಸ್ ಕುಣಿದದ್ದನ್ನು ಸ್ಯಾಮ್ಯುಯೆಲ್ ಪೀಪ್ಸ್ ತನ್ನ ದಿನಚರಿಯಲ್ಲಿ ಬರೆದಿಟ್ಟಿದ್ದಾನೆ.

ಹಾಗಾದರೆ ‘ಜಾನಪದ’ ಅನ್ನುವ ಹೆಸರು ಎಲ್ಲಿಂದ ಬಂತು? ಅದಕ್ಕೆ ಬಹುಮಟ್ಟಿಗೆ ಇಂಗ್ಲೆಂಡಿನ ಹಾಡು, ಕುಣಿತಗಳನ್ನು ಸಂಗ್ರಹಿಸಿದ ಸೆಸಿಲ್ ಶಾರ್ಪ್ ಕಾರಣ. ಅವರು ಮೊದಲು ವಾರಿಕ್‌ಷೈರ್, ಡರ್ಬಿಷೈರ್, ಡೆವನ್ ಕಡೆಯ ಹಳ್ಳಿಗಳಲ್ಲಿ ಉಳಿದಿದ್ದ ಕುಣಿತಗಳನ್ನು ಕಲೆಹಾಕಿ 1909ರಲ್ಲಿ ಪ್ರಕಟಿಸಿದರು. ಆಮೇಲೆ ಪ್ಲೇಫೋರ್ಡನ ಹಳೆಯ ಪುಸ್ತಕಕ್ಕೆ ಕೈ ಹಾಕಿದರು. 1911ರಲ್ಲಿ ಅವರು ಕಟ್ಟಿದ ಸಂಘದ ಹೆಸರಲ್ಲೇ ಜಾನಪದ ಕುಣಿತ ಅಂತ ಇತ್ತು. ಹಳ್ಳಿಯದೂ ಆಸ್ಥಾನದ್ದೂ ಒಂದೇ ಚೀಲಕ್ಕೆ ಬಿದ್ದವು. ಶಾರ್ಪ್ ಇಲ್ಲದಿದ್ದರೆ ಇವತ್ತು ಈ ಕುಣಿತವೇ ಇರುತ್ತಿರಲಿಲ್ಲವೋ ಏನೋ, ಆ ಗೌರವ ನನಗಿದೆ. ಆದರೆ 1800ರ ಕಾದಂಬರಿಗೆ 1911ರ ಹೆಸರು ಹಚ್ಚುವುದು ಸರಿಯಲ್ಲ.

ಈಗ ನನ್ನ ಮುಂದಿರುವ ಪದ ‘ನಾಡಕುಣಿತ’. ಇಂಗ್ಲಿಷಿನ ಕಂಟ್ರಿ ಅನ್ನುವ ಪದಕ್ಕೆ ದೇಶ, ಹಳ್ಳಿಗಾಡು ಎರಡೂ ಅರ್ಥ ಇರುವ ಹಾಗೆ, ನಮ್ಮ ‘ನಾಡು’ ಪದಕ್ಕೂ ಅಗಲ ಜಾಸ್ತಿ. ನಾಡಹೆಂಚು, ನಾಡದೋಣಿ, ನಾಡಬಂದೂಕು ಅನ್ನುವಾಗ ‘ಇಲ್ಲಿಯದೇ, ಹೊರಗಿಂದ ಬಂದದ್ದಲ್ಲ’ ಎಂಬ ಅರ್ಥ. ಚಾರ್ಲ್ಸ್ ದೊರೆ ಅವತ್ತು ಕುಣಿದದ್ದನ್ನು ‘ಇಂಗ್ಲೆಂಡಿನ ಹಳೆಯ ಕುಣಿತ’ ಅಂದನಂತೆ. ಫ್ರಾನ್ಸಿನಿಂದ ಬಂದ ಕುಣಿತಗಳ ಪಕ್ಕದಲ್ಲಿ ಇದು ನಮ್ಮದು ಎಂಬ ಭಾವ ಅದು. ಅದಕ್ಕೆ ‘ನಾಡ’ ಚೆನ್ನಾಗಿ ಕೂರುತ್ತದೆ.

ತೊಡಕು ಎಲ್ಲಿ ಅಂದರೆ, ನಾಡಗೀತೆ, ನಾಡಹಬ್ಬ, ನಾಡಧ್ವಜ ಇವೆಲ್ಲ ಕಿವಿಯಲ್ಲಿ ತುಂಬಿವೆ. ನಾಡಕುಣಿತ ಅಂದರೆ ಸರ್ಕಾರ ಮಾನ್ಯ ಮಾಡಿದ ಕುಣಿತ ಅಂತ ಓದುಗರಿಗೆ ಅನ್ನಿಸಬಹುದು, ಅಲ್ವಾ? ‘ನಾಟಿ ಕುಣಿತ’ ಅಂದರೆ ಬತ್ತದ ನಾಟಿಯೂ ನಾಟಿಕೋಳಿಯೂ ಅಡ್ಡ ಬರುತ್ತವೆ. ಧಾರವಾಡದ ಕಡೆಯ ಗೆಳೆಯರೊಬ್ಬರು ‘ಜವಾರಿ ಕುಣಿತ’ (ಜವಾರಿ ಅಂದರೆ ಅಲ್ಲಿ ದೇಸಿ) ಅಂದರು. ಅರ್ಥ ಸರಿಯಾಗಿ ತಾಗುತ್ತದೆ, ಪದಕ್ಕೆ ಜೀವ ಇದೆ. ಆದರೆ ಮೈಸೂರು, ಮಂಗಳೂರು ಕಡೆಯ ಓದುಗರಿಗೆ ಅಷ್ಟು ಸಲೀಸಲ್ಲ.

ಇನ್ನೊಂದು ದಾರಿ, ಕುಣಿತದ ಆಕಾರದಿಂದ ಹೆಸರಿಡುವುದು. ಮದುವೆಮನೆಯ ಊಟದ ಪಂಕ್ತಿಯ ಹಾಗೆ ಎರಡು ಉದ್ದ ಸಾಲು, ಗಂಡಸರು ಒಂದು ಕಡೆ, ಹೆಂಗಸರು ಎದುರಿಗೆ. ಸಂಗೀತದವರು ಕೂತಿರುವ ತುದಿ ‘ಮೇಲೆ’, ಇನ್ನೊಂದು ‘ಕೆಳಗೆ’. ಮೇಲಿನ ಜೋಡಿ ತನ್ನ ಕೆಳಗಿನ ಜೋಡಿಯ ಜೊತೆ ಕುಣಿಯುತ್ತದೆ. ಮಟ್ಟು ಒಂದು ಸಲ ಮುಗಿಯುವಷ್ಟರಲ್ಲಿ ಇವರು ಒಂದು ಜಾಗ ಕೆಳಗೆ ಇಳಿದಿರುತ್ತಾರೆ, ಅವರು ಒಂದು ಜಾಗ ಮೇಲೆ ಏರಿರುತ್ತಾರೆ. ಮತ್ತೆ ಅದೇ ಮಟ್ಟು, ಎದುರಿಗೆ ಹೊಸ ಜೋಡಿ. ಹೀಗೆ ಸಾಲಿನ ಉದ್ದಕ್ಕೂ. ಆ ಕಾಲದಲ್ಲಿ ಕುಣಿತ ಶುರು ಮಾಡುತ್ತಿದ್ದದ್ದು ತುದಿಯ ಜೋಡಿ ಮಾತ್ರ. ಅವರು ಇಳಿದು ಬರುವ ತನಕ ಉಳಿದವರು ನಿಂತೇ ಇರಬೇಕು. ಕಾದಂಬರಿಯ ಹುಡುಗ ಹುಡುಗಿಗೆ ಅಷ್ಟು ಹೊತ್ತು ಮಾತಾಡಲು ಸಿಗುವುದು ಇದರಿಂದಲೇ. ಅನುವಾದದಲ್ಲಿ ಈ ಕಾಯುವಿಕೆ ಕಾಣದಿದ್ದರೆ ಕುಣಿಯುತ್ತಾ ಇಷ್ಟೆಲ್ಲ ಹೇಗೆ ಮಾತಾಡಿದರು ಅಂತ ಓದುಗರು ತಬ್ಬಿಬ್ಬಾಗುತ್ತಾರೆ.

ಹಾಗಾಗಿ ‘ಸಾಲುಕುಣಿತ’ ಅನ್ನಬಹುದು. 1800ಕ್ಕೆ ಇದು ಪೂರ್ತಿ ಹೊಂದುತ್ತದೆ. 1651ರ ಪುಸ್ತಕದಲ್ಲಿ ಮಾತ್ರ ದುಂಡಗೆ ನಿಂತು ಕುಣಿಯುವಂಥವು, ನಾಲ್ಕೇ ಜನರ ಕುಣಿತಗಳೂ ಇವೆ. ಸಾಲುಗಳೇ ಎಲ್ಲವನ್ನೂ ಆವರಿಸಿಕೊಂಡದ್ದು ಆಮೇಲೆ. ಎದುರುಬದುರು ನಿಲ್ಲುವುದರಿಂದ ‘ಎದುರುಕುಣಿತ’ ಅನ್ನೋಣ ಎಂದರೆ ಅಲ್ಲೊಂದು ಹಳೆಯ ಗೊಂದಲ ಇದೆ. ಈ ಕುಣಿತ ಫ್ರಾನ್ಸಿಗೆ ಹೋದಾಗ ಅಲ್ಲಿಯವರು ಹೆಸರನ್ನು ತಮ್ಮ ಬಾಯಿಗೆ ತಕ್ಕಂತೆ ‘ಕಾಂತ್ರದಾನ್ಸ್’ ಮಾಡಿಕೊಂಡರು. ಅವರ ನುಡಿಯಲ್ಲಿ ಅದಕ್ಕೆ ಎದುರು ಎಂಬ ಅರ್ಥ ಬಂತು. 1706ರಲ್ಲಿ ಫೊಯೆ ಎಂಬ ನೃತ್ಯಗುರು ಪ್ಯಾರಿಸ್ಸಿನಲ್ಲಿ ಇವುಗಳ ಸಂಗ್ರಹವನ್ನೇ ತಂದ. ಮುಂದೆ ಇಂಗ್ಲೆಂಡಿನಲ್ಲೇ ಕೆಲವರು, ಫ್ರೆಂಚ್ ಪದವೇ ಮೂಲ, ಕಂಟ್ರಿ ಅನ್ನುವುದು ಅದರ ಅಪಭ್ರಂಶ ಅಂತ ತಿರುವುಮುರುವಾಗಿ ವಾದಿಸಿದರು. ‘ಎದುರುಕುಣಿತ’ ಅಂದರೆ ಆ ತಪ್ಪಿಗೇ ನಾವೂ ಕೈಜೋಡಿಸಿದ ಹಾಗೆ.

‘ಕುಣಿತ’ವೋ ‘ನೃತ್ಯ’ವೋ ಎಂಬ ಬಗ್ಗೆ ನನಗೆ ಅನುಮಾನ ಇಲ್ಲ. ನೃತ್ಯ ಅಂದರೆ ವೇದಿಕೆ, ಕೆಳಗೆ ನೋಡುವವರು. ಇಲ್ಲಿ ಕುಣಿಯುವುದು ತಮ್ಮ ಖುಷಿಗೆ. ಕುಣಿತವೇ ಸರಿ.

ಚಲನೆಗಳ ಹೆಸರಿಗೆ ಬಂದರೆ ಕೋಲಾಟ ಬಲ್ಲವರ ಸಹಾಯ ಬೇಕು. ಮೂರು ಜನ ಒಬ್ಬರ ಎಡಕ್ಕೆ, ಇನ್ನೊಬ್ಬರ ಬಲಕ್ಕೆ ಹಾಯುತ್ತಾ ಹೆಣೆದುಕೊಂಡು ಹೋಗುವುದಕ್ಕೆ ಇಂಗ್ಲಿಷಿನಲ್ಲಿ ‘ಹೇ’ ಅನ್ನುತ್ತಾರೆ. ಅದಕ್ಕೆ ‘ಜಡೆ’ ಅಂತ ಇಟ್ಟಿದ್ದೇನೆ, ಜಡೆ ಕೋಲಾಟದ ನೆನಪಿನಿಂದ. ಸಾಲಿನಿಂದ ಹೊರಮುಖವಾಗಿ ತಿರುಗಿ, ತಮ್ಮವರ ಬೆನ್ನ ಹಿಂದೆ ನಡೆದು ಕೆಳಗೆ ಬರುವುದಕ್ಕೆ ‘ಕಾಸ್ಟ್ ಆಫ್’. ಇದಕ್ಕೆ ‘ಹೊರತಿರುಗಿ ಇಳಿ’ ಎಂದು ಬಿಡಿಸಿ ಬರೆಯುತ್ತಿದ್ದೇನೆ, ಉದ್ದವಾಯಿತು.

‘ಸೈಡ್ಸ್’ ಎಂಬ ಚಲನೆ ಮಾತ್ರ ಮೂಲದಲ್ಲೇ ಬಿಡಿಸಲಾಗದ ಗಂಟು. ಪ್ಲೇಫೋರ್ಡ್ ‘ಡಬಲ್’ ಅಂದರೆ ನಾಲ್ಕು ಹೆಜ್ಜೆ ಇಟ್ಟು ಪಾದ ಕೂಡಿಸುವುದು, ‘ಸಿಂಗಲ್’ ಅಂದರೆ ಎರಡು ಹೆಜ್ಜೆ ಅಂತ ಸ್ಪಷ್ಟವಾಗಿ ಹೇಳಿದ್ದಾನೆ. ಸೈಡ್ಸ್ ಅಂದರೆ ಏನೆಂದು ವಿವರಿಸಲೇ ಇಲ್ಲ. ಆಗಿನವರಿಗೆ ಗೊತ್ತಿದ್ದದ್ದೇ ಇರಬೇಕು. ಜೋಡಿಯ ಇಬ್ಬರು ಒಬ್ಬರನ್ನೊಬ್ಬರು ಹಾದು ಜಾಗ ಬದಲಿಸಿ ಮರಳುವುದು ಎಂದು ಶಾರ್ಪ್ ಊಹಿಸಿದರು. ಮುಂದೆ ಈ ಕುಣಿತಗಳ ಇನ್ನೊಬ್ಬ ಅಧ್ಯಯನಕಾರ ಪ್ಯಾಟ್ ಶಾ ಅದನ್ನು ಒಪ್ಪಲಿಲ್ಲ. ಮುಂದೆ ಬಂದು ಭುಜದ ಪಕ್ಕ ಭುಜ ಬರುವಂತೆ ನಿಂತು, ಹಾಗೇ ಹಿಂದಕ್ಕೆ ಹೋಗುವುದು ಅಂದರು. ಇವತ್ತಿಗೂ ಎರಡೂ ರೂಢಿಯಲ್ಲಿವೆ. ಕನ್ನಡದಲ್ಲಿ ‘ಮಗ್ಗುಲಾಗು’ ಅಂದರೆ ಎರಡಕ್ಕೂ ಜಾಗ ಬಿಟ್ಟಂತೆ ಆಗುತ್ತದೆ ಎಂದುಕೊಂಡಿದ್ದೇನೆ.

ಒಂದೇ ಒಂದು ಕಡೆ ಕನ್ನಡ ತಾನಾಗಿ ಕೈ ಹಿಡಿಯಿತು. ಪ್ಲೇಫೋರ್ಡನ ಪುಸ್ತಕದ 1695ರ ಆವೃತ್ತಿಯಲ್ಲಿ ‘ಮಿಸ್ಟರ್ ಬೆವರಿಜ್ಸ್ ಮ್ಯಾಗಟ್’ ಎಂಬ ಕುಣಿತ ಇದೆ. ಮ್ಯಾಗಟ್ ಅಂದರೆ ಹುಳ. ಆಗಿನ ಬಳಕೆಯಲ್ಲಿ ತಲೆಗೆ ಹೊಕ್ಕ ಹುಚ್ಚು ಯೋಚನೆಗೂ ಅದೇ ಪದ. ನಾವು ‘ತಲೆಗೆ ಹುಳ ಬಿಡೋದು’ ಅಂತೀವಲ್ಲ! ‘ಬೆವರಿಜ್ ಅವರ ತಲೆಹುಳ’ ಅಂತ ಬರೆದರೆ ಅಡಿಟಿಪ್ಪಣಿಯೇ ಬೇಕಾಗುವುದಿಲ್ಲ.

ನನ್ನ ಕೇಳಿಕೆ ಇಷ್ಟು: ಒಟ್ಟು ಪ್ರಕಾರಕ್ಕೆ ‘ನಾಡಕುಣಿತ’, ಉದ್ದ ಸಾಲಿನದಕ್ಕೆ ‘ಸಾಲುಕುಣಿತ’ ಎಂದು ಎರಡೂ ಇಟ್ಟುಕೊಂಡರೆ ಓದುವವರಿಗೆ ಭಾರವಾದೀತೇ? ಜೋಡಿಗಳು ಒಂದೊಂದೇ ಜಾಗ ಸರಿದುಕೊಂಡು ಹೋಗುವುದಕ್ಕೆ ಕೋಲಾಟದವರ ಬಾಯಲ್ಲಿ ಯಾವುದಾದರೂ ಪದ ಇದೆಯೇ? ಕುಣಿದವರು, ಕಲಿಸಿದವರು ಇದ್ದರೆ ದಯವಿಟ್ಟು ನಿಮ್ಮ ಊರಿನ ಪದವನ್ನು ಹೇಗೆ ಆಡುತ್ತೀರೋ ಹಾಗೇ ಬರೆದು ತಿಳಿಸಿ.