ಮಾರಿಯಸ್ ಸೆಸ್ಟಿಯೆ: ಬರೀ ಪ್ರದರ್ಶಕರೋ, ನಿರ್ದೇಶಕರೂ ಹೌದೋ?

ಸೇಡಂ ರಸ್ತೆ, ಕಲಬುರಗಿ:
ನಮ್ಮ ಕಾಲೇಜಿನ ಚಿತ್ರ ಬಳಗದಲ್ಲಿ ಬರುವ ತಿಂಗಳು ಫ್ರಾನ್ಸಿನ ಮಾರಿಯಸ್ ಸೆಸ್ಟಿಯೆ ಅವರ ಕುರಿತು ಮಾತನಾಡುವುದಿದೆ. 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಸಿನಿಮಾ ಯಂತ್ರ ರೂಪಿಸಿದ ಫ್ರಾನ್ಸಿನ ಲೂಮಿಯೇರ್ ಸಹೋದರರ ಆರು ಕಿರುಚಿತ್ರಗಳನ್ನು ಒಂದು ರೂಪಾಯಿ ಟಿಕೀಟಿಗೆ ತೋರಿಸಿದವರು ಇವರೇ. ನಮ್ಮ ಪುಸ್ತಕಗಳು ಅವರನ್ನು ಆ ಹೋಟೆಲಿನಲ್ಲೇ ಬಿಟ್ಟು ಮುಂದೆ ಹೋಗಿಬಿಡುತ್ತವೆ. ಛಾಯಾಗ್ರಾಹಕ, ನಿರ್ದೇಶಕ ಎಂದು ಅವರನ್ನು ಕರೆಯಲು ಆಧಾರವಿದೆಯೇ? ಬಲ್ಲವರು ತಿಳಿಸಬೇಕಾಗಿ ವಿನಂತಿ.

ಬೀದರ್ ಓದುಗ:
ಆಧಾರವಿದೆ ಸರ್, ಆದರೆ ಅದು ಸಿಗುವುದು ಆಸ್ಟ್ರೇಲಿಯಾದಲ್ಲಿ. ವೃತ್ತಿಯಿಂದ ಔಷಧ ತಯಾರಕರಾಗಿದ್ದ ಸೆಸ್ಟಿಯೆ ಮುಂಬಯಿಯಿಂದ ಸಿಡ್ನಿಗೆ ಹೋಗಿ, ಅಲ್ಲಿಯ ಹೆಸರಾಂತ ಛಾಯಾಚಿತ್ರಕಾರ ಹೆನ್ರಿ ವಾಲ್ಟರ್ ಬಾರ್ನೆಟ್ ಜೊತೆಗೂಡಿ, ಅದೇ ವರ್ಷ ಸೆಪ್ಟೆಂಬರ್ 28ರಂದು ಪಿಟ್ ಸ್ಟ್ರೀಟಿನಲ್ಲಿ ಸಲೋನ್ ಲೂಮಿಯೇರ್ ಎಂಬ ಚಿತ್ರ ಪ್ರದರ್ಶನ ಮಂದಿರ ತೆರೆದರು. ಅಕ್ಟೋಬರಿನಲ್ಲಿ ಸಿಡ್ನಿಯ ಮ್ಯಾನ್ಲಿಯಲ್ಲಿ ದೋಣಿಯಿಂದ ಇಳಿಯುವ ಪ್ರಯಾಣಿಕರನ್ನೂ, ನವೆಂಬರ್ 3ರಂದು ಮೆಲ್ಬರ್ನ್ ಕಪ್ ಕುದುರೆ ಪಂದ್ಯವನ್ನೂ ಚಿತ್ರೀಕರಿಸಿದರು. ಪಂದ್ಯದ ಚಿತ್ರಗಳು ಇಂದಿಗೂ ಉಳಿದಿವೆ.

ಅಂದಹಾಗೆ ಪ್ರದರ್ಶಕ, ಛಾಯಾಗ್ರಾಹಕ ಎಂದು ಬೇರೆ ಮಾಡಿ ನೋಡುವುದು ಆ ಕಾಲಕ್ಕೆ ಸಲ್ಲುವ ಮಾತಲ್ಲ. ಲೂಮಿಯೇರ್ ಯಂತ್ರವೆಂಬುದು ಚಿತ್ರ ಸೆರೆಹಿಡಿಯುವ, ಪ್ರತಿ ತೆಗೆಯುವ, ಪರದೆಯ ಮೇಲೆ ತೋರಿಸುವ ಮೂರೂ ಕೆಲಸ ಮಾಡುವ ಒಂದೇ ಮರದ ಪೆಟ್ಟಿಗೆ. ಬಟ್ಟೆ ಹೊಲಿಯುವ ಯಂತ್ರದಂತೆ ಅದು ಫಿಲ್ಮನ್ನು ಎಳೆದು, ನಿಲ್ಲಿಸಿ, ಮತ್ತೆ ಎಳೆಯುತ್ತಿತ್ತು. ಸೆಕೆಂಡಿಗೆ ಎರಡು ಸುತ್ತು, ಪ್ರತಿ ಸುತ್ತಿಗೂ ಎಂಟು ಚೌಕಟ್ಟಿನಂತೆ (ಚೌಕಟ್ಟೆಂದರೆ ಫಿಲ್ಮಿನ ಒಂದೊಂದು ಬಿಡಿ ಚಿತ್ರ) ಕೈಯಿಂದ ಹಿಡಿಕೆ ತಿರುಗಿಸಿದರೆ ಸುಮಾರು 17 ಮೀಟರಿನ ಸುರುಳಿ ಐವತ್ತು ಸೆಕೆಂಡಿನ ಆಸುಪಾಸಿನಲ್ಲಿ ಮುಗಿಯುತ್ತಿತ್ತು. ಹೀಗಾಗಿ ಯಂತ್ರವನ್ನು ಎಲ್ಲಿ ನಿಲ್ಲಿಸಬೇಕು, ಯಾವ ಗಳಿಗೆಯಲ್ಲಿ ತಿರುಗಿಸಲು ಶುರು ಮಾಡಬೇಕು ಎಂಬ ನಿರ್ಧಾರದಲ್ಲೇ ಇಡೀ ಚಿತ್ರ ಅಡಗಿರುತ್ತಿತ್ತು. ನನ್ನ ಮಟ್ಟಿಗೆ ಅದೇ ನಿರ್ದೇಶನ.

ಶಹಾಪುರದವ:
ಛಾಯಾಗ್ರಾಹಕರೆನ್ನಲು ನನ್ನ ತಕರಾರಿಲ್ಲ; ನಿರ್ದೇಶಕರೆಂಬ ಪಟ್ಟವನ್ನು ಪೂರ್ತಿ ಅವರೊಬ್ಬರಿಗೇ ಕಟ್ಟುವುದನ್ನು ಮಾತ್ರ ಒಪ್ಪಲಾರೆ. ಮೆಲ್ಬರ್ನ್ ಚಿತ್ರಗಳನ್ನು ಗಮನವಿಟ್ಟು ನೋಡಿದರೆ ಬಾರ್ನೆಟ್ ಸ್ವತಃ ಚೌಕಟ್ಟಿನೊಳಗೆ ಬಂದು, ಜನರನ್ನು ಕ್ಯಾಮೆರಾದ ಮುಂದೆ ಹಾಯುವಂತೆ ಹುರಿದುಂಬಿಸುವುದು ಕಾಣುತ್ತದೆ. ಹಿಡಿಕೆ ಸೆಸ್ಟಿಯೆ ಕೈಯಲ್ಲಿತ್ತು, ಜನ ಬಾರ್ನೆಟ್ ಕೈಯಲ್ಲಿದ್ದರು.

ಬೀದರ್ ಓದುಗ:
ಈ ಮಾತು ನ್ಯಾಯವಾದದ್ದು. ಇಬ್ಬರ ಹೆಸರನ್ನೂ ಹೇಳುವುದೇ ಸರಿ. ಮುಂಬಯಿಯ ಪ್ರದರ್ಶನಗಳ ಫಲವನ್ನು ಹುಡುಕುವುದಾದರೆ ಅಲ್ಲಿಯ ಛಾಯಾಚಿತ್ರಕಾರ ಹರಿಶ್ಚಂದ್ರ ಸಖಾರಾಮ ಭಾಟವಡೇಕರ್ ಅವರನ್ನು ಮರೆಯಬೇಡಿ. ಅವರು ಲಂಡನ್ನಿನಿಂದ ಕ್ಯಾಮೆರಾ ತರಿಸಿ 1899ರಲ್ಲಿ ಕುಸ್ತಿಯೊಂದನ್ನು ಚಿತ್ರೀಕರಿಸಿದರು. ಕುಸ್ತಿಯೆಂದರೆ ನಮ್ಮ ಕಡೆಯ ಶ್ರೋತೃಗಳು ಕಿವಿ ನಿಮಿರಿಸದೆ ಇರುವುದಿಲ್ಲ.

ಸೇಡಂ ರಸ್ತೆ, ಕಲಬುರಗಿ:
ಇಬ್ಬರಿಗೂ ಧನ್ಯವಾದಗಳು. ಮೆಲ್ಬರ್ನ್ ಚಿತ್ರಗಳನ್ನು ಮೊದಲು ತೋರಿಸಿ, ವಾಟ್ಸನ್ ಹೋಟೆಲಿನ ಸಂಗತಿಯನ್ನು ಆಮೇಲೆ ಹೇಳೋಣವೆಂದುಕೊಂಡಿದ್ದೇನೆ.

ಶಹಾಪುರದವ:
ತೋರಿಸುವಾಗ ವೇಗವನ್ನು ಸೆಕೆಂಡಿಗೆ 16 ಚೌಕಟ್ಟಿಗೆ ಇಳಿಸಿಕೊಳ್ಳಿ ಸರ್. ಈಗಿನ 24ರ ವೇಗದಲ್ಲಿ ಓಡಿಸಿದರೆ ಗಂಭೀರವಾಗಿ ನಡೆದು ಬರುವವರೂ ಓಡುತ್ತಿರುವಂತೆ ಕಂಡು, ಸಭೆ ನಕ್ಕುಬಿಡುತ್ತದೆ.