ರಸವಾದಿಗಳ ರಾಜ್ಯದಲ್ಲಿ ಇವತ್ತು ಯಾವ ತಾರೀಕು?

ವಿನಯ ಕಾದಂಬರಿ ಬರೆಯುತ್ತಿದ್ದಾನೆ. ಇಡೀ ರಾಜ್ಯವೇ ರಸವಾದಿಗಳದ್ದು. ಸೀಸವನ್ನು ಚಿನ್ನ ಮಾಡುತ್ತೇವೆ ಅಂತ ಕುಲುಮೆ ಮುಂದೆ ಕೂತ ಜನ. ಕಥೆ ಮೊದಲ ಸಾಲು ದಾಟಿಲ್ಲ, ಆದರೆ ಕ್ಯಾಲೆಂಡರ್ ಮಾತ್ರ ರೆಡಿ.

"ವಾರಕ್ಕೆ ಏಳು ದಿನ, ಏಳು ಲೋಹ," ಅಂತ ಶುರು ಮಾಡಿದ. "ಭಾನುವಾರ ಚಿನ್ನ, ಸೋಮವಾರ ಬೆಳ್ಳಿ, ಮಂಗಳವಾರ ಕಬ್ಬಿಣ, ಬುಧವಾರ ಪಾದರಸ, ಗುರುವಾರ ತವರ, ಶುಕ್ರವಾರ ತಾಮ್ರ, ಶನಿವಾರ ಸೀಸ."

"ಇದರಲ್ಲಿ ನಿನ್ನದೇನು ಬಂತು?" ಅಂದಳು ಸುಧಾ. "ಗ್ರಹಕ್ಕೊಂದು ಲೋಹ ಅಂತ ನಿಜವಾದ ರಸವಾದಿಗಳೇ ಯಾವತ್ತೋ ಹಂಚಿಟ್ಟಿದ್ದಾರೆ."

"ತಿಂಗಳು ನನ್ನದು ಕಣೇ. 40 ದಿನದ ತಿಂಗಳು."

"ಅದೂ ಅವರದೇ ಮಾರಾಯ," ಅಂದ ರಮೇಶ. "ತತ್ವಜ್ಞಾನಿಗಳ ತಿಂಗಳು ಅಂತ 40 ದಿನ ಲೆಕ್ಕ ಹಿಡಿಯುತ್ತಿದ್ದರು."

ವಿನಯನ ಮುಖ ಸೀಸವಾಯಿತು. ಪಾಪ ಅನ್ನಿಸಿ ನಾನು ಲೆಕ್ಕಕ್ಕೆ ಇಳಿದೆ. ಒಂಬತ್ತು ತಿಂಗಳು ಅಂದರೆ 360 ದಿನ. ಉಳಿದದ್ದು ಐದು.

"ಅವು ಕಿಟ್ಟದ ದಿನಗಳು," ಅಂದ. "ಲೋಹ ಕರಗಿಸಿದ ಮೇಲೆ ಉಳಿಯುತ್ತದಲ್ಲ, ಹಾಗೆ. ಆ ಐದು ದಿನ ಯಾವ ತಿಂಗಳಿಗೂ ಸೇರಲ್ಲ."

ಇದು ನನಗೆ ನಿಜವಾಗಿ ಹಿಡಿಸಿತು. ಹಳೆಯ ಈಜಿಪ್ಟಿನವರೂ 30 ದಿನದ ಹನ್ನೆರಡು ತಿಂಗಳು ಮಾಡಿ, ಮಿಕ್ಕ ಐದನ್ನು ಹೀಗೇ ಹೊರಗಿಟ್ಟಿದ್ದರು. ಆದರೆ ಸುಧಾ ಸುಮ್ಮನಿರುವವಳಲ್ಲ. "40ನ್ನು ಏಳರಿಂದ ಭಾಗಿಸಿದರೆ ಐದು ಉಳಿಯುತ್ತದೆ. ಪ್ರತಿ ತಿಂಗಳೂ ಬೇರೆ ವಾರದಿಂದ ಶುರು. ಎಂಟು ದಿನದ ವಾರ ಮಾಡು, ಸರಿಯಾಗಿ ಐದು ವಾರ ಬರುತ್ತೆ."

"ಎಂಟನೇ ಲೋಹ ಎಲ್ಲಿಂದ ತರಲಿ?"

"ಆಂಟಿಮನಿ!" ಅಂದ ರಮೇಶ, ಕಾದಿದ್ದವನಂತೆ. "ಹಿಂದೆ ಅದರ ಗುಂಡನ್ನು ಹೊಟ್ಟೆ ತೊಳೆಯಲು ನುಂಗುತ್ತಿದ್ದರಂತೆ. ಹೊರಗೆ ಬಂದ ಮೇಲೆ ತೊಳೆದು, ಮುಂದಿನವರಿಗೆ ಎತ್ತಿಡುತ್ತಿದ್ದರು. ಅಜ್ಜನ ಗುಂಡು ಮೊಮ್ಮಗನಿಗೆ."

ಆಂಟಿಮನಿವಾರ ರಜೆ ಅಂತ ಒಮ್ಮತದಿಂದ ತೀರ್ಮಾನವಾಯಿತು. ಅವತ್ತು ಯಾರೂ ಮನೆ ಬಿಟ್ಟು ಹೊರಡುವ ಸ್ಥಿತಿಯಲ್ಲಿ ಇರುವುದಿಲ್ಲ.

"ಎಂಟು ದಿನಕ್ಕೆ ಒಂದೇ ರಜೆಯಾ? ದಂಗೆ ಆಗುತ್ತೆ ನೋಡು," ಅಂದಳು ಸುಧಾ. ಫ್ರಾನ್ಸ್‌ನ ಕ್ರಾಂತಿಕಾರಿಗಳು 1793ರಲ್ಲಿ ಹತ್ತು ದಿನದ ವಾರ ತಂದು, ಹತ್ತಕ್ಕೊಂದು ರಜೆ ಕೊಟ್ಟಿದ್ದರು. ಜನಕ್ಕೆ ಅದು ಒಗ್ಗಲಿಲ್ಲ. 1806 ಹುಟ್ಟುವ ಹೊತ್ತಿಗೆ ಆ ಕ್ಯಾಲೆಂಡರ್ ಮೂಲೆ ಸೇರಿತು. ಮಜಾ ಏನಂದರೆ, ಅದರಲ್ಲಿ ವರ್ಷದ ಪ್ರತಿ ದಿನಕ್ಕೂ ಒಂದೊಂದು ಹೆಸರು. ನಿವೋಸ್ ಅನ್ನುವ ಚಳಿಗಾಲದ ತಿಂಗಳಲ್ಲಿ ಗಂಧಕ, ಉಪ್ಪು, ಕಬ್ಬಿಣ, ತಾಮ್ರ, ತವರ, ಸೀಸ, ಪಾದರಸ ಎಲ್ಲಕ್ಕೂ ಒಂದೊಂದು ದಿನ. ತಾಮ್ರಕ್ಕೂ ತವರಕ್ಕೂ ನಡುವೆ ಬೆಕ್ಕು!

"ಬೆಕ್ಕು ಯಾಕೆ?"

"5ರಲ್ಲಿ ಮುಗಿಯುವ ತಾರೀಕಿಗೆ ಪ್ರಾಣಿಯ ಹೆಸರು ಅಂತ ನಿಯಮ. ಆ ತಿಂಗಳ ಎಂಟನೇ ದಿನ ಏನು ಗೊತ್ತಾ? ಗೊಬ್ಬರ."

"ಗೊಬ್ಬರ ನನಗೂ ಬೇಕು!" ಅಂತ ವಿನಯ ಬರೆದುಕೊಂಡ. ಬೇಕೇ ಬೇಕು ಬಿಡಿ. ಕೊಳೆಯುವ ಕುದುರೆ ಲದ್ದಿ ಹದವಾದ ಬಿಸಿ ಕೊಡುತ್ತೆ ಅಂತ ರಸವಾದಿಗಳು ಸೀಸೆಗಳನ್ನು ಅದರೊಳಗೆ ಹೂತಿಡುತ್ತಿದ್ದರು. ಸೌದೆ ಖರ್ಚಿಲ್ಲ. ವಾಸನೆಯ ಲೆಕ್ಕ ಬೇರೆ.

ಆಮೇಲೆ ಸಂಬಳದ ಮಾತು ಬಂತು. ವರ್ಷಕ್ಕೆ ಒಂಬತ್ತೇ ಸಂಬಳ. ಬಾಡಿಗೆಯೂ ಒಂಬತ್ತೇ. ಕಿಟ್ಟದ ಐದು ದಿನಕ್ಕೆ ಬಾಡಿಗೆ ಕೊಡಬೇಕಾ? ಮನೆ ಮಾಲೀಕ ಕೊಡು ಅನ್ನುತ್ತಾನೆ, ಯಜಮಾನ ಮಾತ್ರ ಸಂಬಳ ಕೊಡಲ್ಲ ಅನ್ನುತ್ತಾನೆ. ರಾಜ್ಯದಲ್ಲಿ ಅರ್ಧ ಜಗಳ ಇದೊಂದರಲ್ಲೇ. ನನ್ನ ಪ್ರಕಾರ ಕಾದಂಬರಿಗೆ ಇದಕ್ಕಿಂತ ಒಳ್ಳೆ ಶುರು ಇಲ್ಲ. ಪರುಷಮಣಿ ಹುಡುಕುವ ನಾಯಕ ಎಲ್ಲರ ಹತ್ತಿರವೂ ಇದ್ದಾನೆ. ಐದು ದಿನದ ಬಾಡಿಗೆಗೆ ಓಡಿಹೋದ ನಾಯಕ ಯಾರ ಹತ್ತಿರ ಇದ್ದಾನೆ?

"ಇನ್ನೊಂದು ಇದೆ," ಅಂದಳು ಸುಧಾ. "ಗರ್ಭದ ಲೆಕ್ಕ ಡಾಕ್ಟರ್ ಹಿಡಿಯುವುದು 280 ದಿನ. ನಿನ್ನ ಕ್ಯಾಲೆಂಡರಲ್ಲಿ ಸರಿಯಾಗಿ ಏಳು ತಿಂಗಳು. ಏಳು ತಿಂಗಳಿಗೆ ಹುಟ್ಟಿದವನು ಅಂತ ಅಲ್ಲಿ ಯಾರನ್ನೂ ಆಡಿಕೊಳ್ಳೋ ಹಾಗಿಲ್ಲ."

ನಾನು ಕೇಳಿದ್ದು ಅಧಿಕ ದಿನದ ವಿಷಯ. ವರ್ಷ ಅಂದರೆ 365 ದಿನದ ಮೇಲೆ ಸುಮಾರು ಕಾಲು ದಿನ. ಈಜಿಪ್ಟಿನವರು ಆ ಕಾಲನ್ನು ಬಿಟ್ಟಿದ್ದರಿಂದ ನಾಲ್ಕು ವರ್ಷಕ್ಕೊಂದು ದಿನದಂತೆ ತಾರೀಕು ಋತುವಿನಿಂದ ಜಾರುತ್ತಾ ಹೋಯಿತು.

"ನಮ್ಮಲ್ಲಿ ಒಂದು ದಿನ ಸೇರಿಸುತ್ತೇವೆ," ಅಂದ ವಿನಯ. "ಆದರೆ ಯಾವ ವರ್ಷ ಅನ್ನೋದು ಗುಟ್ಟು. ರಸವಾದಿಗಳು ಏನನ್ನೂ ನೇರವಾಗಿ ಹೇಳಲ್ಲ. 'ಹಸಿರು ಸಿಂಹ ಸೂರ್ಯನನ್ನು ನುಂಗಿತು' ಅಂತ ಗೋಡೆ ಮೇಲೆ ಬರೆದು ಹೋಗುತ್ತಾರೆ. ಅರ್ಥವಾದವರು ಒಂದು ದಿನ ಸೇರಿಸಿಕೊಳ್ಳಬೇಕು."

"ಅರ್ಥವಾಗದವರು?"

"ನಿನ್ನೆಯಲ್ಲೇ ಇರುತ್ತಾರೆ."

ತಮಾಷೆ ಅನ್ನಬೇಡಿ. 1582ರ ಅಕ್ಟೋಬರಿನಲ್ಲೇ ಹೊಸ ಕ್ಯಾಲೆಂಡರಿಗೆ, ಅಂದರೆ ಈಗ ನಾವು ಬಳಸುವುದಕ್ಕೆ, ಬದಲಾದ ದೇಶಗಳಲ್ಲಿ ಅಕ್ಟೋಬರ್ 4 ಕಳೆದು ಬೆಳಗಾದರೆ 15. ಇಂಗ್ಲೆಂಡ್ ಒಪ್ಪಿದ್ದು 1752ಕ್ಕೆ. ಅದಕ್ಕೇ ನ್ಯೂಟನ್ ತನ್ನೂರಿನ ಲೆಕ್ಕದಲ್ಲಿ 1642ರ ಡಿಸೆಂಬರ್ 25ಕ್ಕೆ ಹುಟ್ಟಿದ, ಹೊಸ ಲೆಕ್ಕದಲ್ಲಿ 1643ರ ಜನವರಿ 4ಕ್ಕೆ. ಆತನೂ ವರ್ಷಗಟ್ಟಲೆ ರಸವಾದದ ಕುಲುಮೆ ಊದಿದವನೇ.

"ಹಾಗಾದರೆ ನನ್ನ ನಾಯಕನಿಗೂ ಎರಡು ಹುಟ್ಟುಹಬ್ಬ!" ಅಂತ ವಿನಯ ಕುಣಿದ. "ಯಾವ ವಾರ ಹುಟ್ಟಿಸಲಿ?"

"ಆಂಟಿಮನಿವಾರ ಬಿಟ್ಟು ಯಾವುದಾದರೂ ಆಗಲಿ," ಅಂದಳು ಸುಧಾ. "ಸೂಲಗಿತ್ತಿ ಬರಬೇಕಲ್ಲಪ್ಪ."